ದುಡಿಮೆ ಯಾರದು, ಬೀಗದಕೈ ಯಾರದು?

ಸ್ತ್ರೀ ಸ್ವಾತಂತ್ರ್ಯದ ವಿಷಯದಲ್ಲಿ ನಮ್ಮ ಹಿರಿಯರಲ್ಲಿ ಪ್ರಚಲಿತವಾದ ಒಂದು ಅಭಿಪ್ರಾಯವಿದೆ. ಹೆಣ್ಣುಮಕ್ಕಳು ಓದಿದರು, ನೌಕರಿಗೆ ಸೇರಿದರು, ಸಂಬಳ ತರತೊಡಗಿದರು; ಅಲ್ಲಿಗೆ ಅವರು ಸ್ವತಂತ್ರರಾದರು, ಇನ್ನು ಚರ್ಚಿಸಲು ಏನಿದೆ ಎಂಬುದು ಆ ಅಭಿಪ್ರಾಯ. ಇದನ್ನು ಸಂತೋಷದಿಂದ ಹೇಳುವವರೂ ಉಂಟು, ನಿಟ್ಟುಸಿರಿನೊಡನೆ ಹೇಳುವವರೂ ಉಂಟು. ಆದರೆ ಉಭಯ ಪಕ್ಷದವರೂ ಸಂಪಾದನೆಯೇ ಸ್ವಾತಂತ್ರ್ಯವೆಂಬ ಮಾತನ್ನು ಸಿದ್ಧವೆಂದು ಹಿಡಿದೇ ಮುಂದೆ ವಾದಿಸುತ್ತಾರೆ. ಆ ಮಾತು ಸಿದ್ಧವೋ, ಇನ್ನೂ ಸಾಧಿಸಬೇಕಾದದ್ದೋ ಎಂಬುದನ್ನು ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಮಾಕಳಿಯು ಬೆಂಗಳೂರು–ತುಮಕೂರು ಹೆದ್ದಾರಿಯಲ್ಲಿ, ಪೀಣ್ಯಕ್ಕೂ ನೆಲಮಂಗಲಕ್ಕೂ ನಡುವೆ ಇರುವ ಊರು. ಬೆಳಗಿನ ಹೊತ್ತು ಇಲ್ಲಿ ನಿಂತು ನೋಡಿದರೆ ಬೆಂಗಳೂರಿನ ಕಡೆಗೆ ಹೋಗುವ ಬಸ್ಸುಗಳಲ್ಲಿ, ಕಾರ್ಖಾನೆಯ ವಾಹನಗಳಲ್ಲಿ ಊಟದ ಡಬ್ಬಿ ಹಿಡಿದ ಹೆಣ್ಣುಮಕ್ಕಳೇ ಹೆಚ್ಚಾಗಿ ಕಾಣುತ್ತಾರೆ. ಪೀಣ್ಯದ ಸಿದ್ಧ ಉಡುಪು ಕಾರ್ಖಾನೆಗಳ ಹೊಲಿಗೆ ಯಂತ್ರಗಳ ಮುಂದೆ ಕುಳಿತುಕೊಳ್ಳುವವರು ಬಹುಪಾಲು ಅವರೇ. 2023ರ ಜೂನ್ 11ರಿಂದ ರಾಜ್ಯದ ಸಾಮಾನ್ಯ ಬಸ್ಸುಗಳಲ್ಲಿ ಮಹಿಳೆಯರಿಗೆ ಟಿಕೆಟ್ ದರವಿಲ್ಲ. 2024ರ ನವೆಂಬರಿನಲ್ಲಿ ಮೆಟ್ರೋ ರೈಲು ಪಕ್ಕದ ಮಾದಾವರದವರೆಗೆ ಬಂದಿತು. ಹೋಗಿಬರುವ ದಾರಿ ಸುಗಮವಾಯಿತು, ಸಂಶಯವಿಲ್ಲ. ದುಡಿದು ತಂದ ಹಣದ ದಾರಿ ಯಾವುದು ಎಂಬುದು ಬೇರೆ ಪ್ರಶ್ನೆ.

ಅಂಗಡಿಯಲ್ಲಿ ಕುಳಿತವನಿಗೆ ತಿಂಗಳ 7ರಿಂದ 10ರ ತನಕದ ದಿನಗಳು ಸಂಬಳದ ದಿನಗಳೆಂದು ಕ್ಯಾಲೆಂಡರ್ ನೋಡದೆಯೇ ತಿಳಿಯುತ್ತದೆ. ಆ ದಿನಗಳಲ್ಲಿ ಉದ್ರಿ ತೀರಿಸಲು ಬರುವವರಲ್ಲಿ ಹೆಂಗಸರೇ ಹೆಚ್ಚು. ಆದರೆ ಉದ್ರಿ ಪುಸ್ತಕದಲ್ಲಿ ಖಾತೆ ಇರುವುದು ಗಂಡನ ಹೆಸರಿನಲ್ಲಿ, ಇಲ್ಲವೇ ಮಾವನ ಹೆಸರಿನಲ್ಲಿ. ಬರೆಸುವವರು ಹೇಳಿದಂತೆ ಬರೆದುಕೊಳ್ಳುವುದು ಅಂಗಡಿಯ ಪದ್ಧತಿ. ಅವಳೇ ಹಾಗೆ ಬರೆಸುತ್ತಾಳೆ. ಜಮಾ ಒಬ್ಬರಿಂದ, ಖಾತೆ ಇನ್ನೊಬ್ಬರದು. ವಾಣಿಜ್ಯಶಾಸ್ತ್ರದ ಮೊದಲ ಪಾಠ ಓದಿದವನಿಗೂ ಇಲ್ಲೊಂದು ಪ್ರಶ್ನೆ ಏಳಬೇಕು. ನಮಗೆ ಏಳುವುದಿಲ್ಲ, ಏಕೆಂದರೆ ಇದು ಸಂಸಾರದ ವಿಷಯ. ಸಂಸಾರದಲ್ಲಿ ಲೆಕ್ಕ ಕೇಳಬಾರದು.

ಈ ಪ್ರಶ್ನೆಯನ್ನು ಬಹಳ ಸ್ವಲ್ಪ ಕಾಲದಲ್ಲಿ, ಬಹಳ ತೀವ್ರವಾಗಿ ಎದುರಿಸಿದ ಇನ್ನೊಂದು ಸಮಾಜವುಂಟು. ಅದು ಎರಡನೆಯ ಮಹಾಯುದ್ಧದ ನಂತರದ ಜಪಾನ್. ನಮ್ಮ ತುಮಕೂರು ರಸ್ತೆಗೂ ಆ ದೇಶಕ್ಕೂ ಹಳೆಯ ನಂಟಿದೆ. 1961ರಲ್ಲಿ ಜಾಲಹಳ್ಳಿಯ ಎಚ್.ಎಂ.ಟಿ.ಯು ಜಪಾನಿನ ಸಿಟಿಜನ್ ಕಂಪನಿಯ ಸಹಕಾರದಿಂದ ಕೈಗಡಿಯಾರಗಳನ್ನು ತಯಾರಿಸತೊಡಗಿದಾಗ, ಸೂಕ್ಷ್ಮ ಬಿಡಿಭಾಗಗಳನ್ನು ಜೋಡಿಸುವ ಮೇಜುಗಳಲ್ಲಿ ಅನೇಕ ಹೆಣ್ಣುಮಕ್ಕಳು ಕುಳಿತರು. ಕಾರ್ಖಾನೆಯ ಸಂಬಳವನ್ನು ಹೆಣ್ಣೊಬ್ಬಳು ಮನೆಗೆ ತರುವುದನ್ನು ಈ ಭಾಗದ ಎಷ್ಟೋ ಕುಟುಂಬಗಳು ಮೊದಲು ಕಂಡದ್ದು ಆಗ. ಎಚ್.ಎಂ.ಟಿ. ವಾಚುಗಳ ಕಂಪನಿಯನ್ನು ಮುಚ್ಚಲು ಕೇಂದ್ರ ಸಂಪುಟ 2016ರ ಜನವರಿಯಲ್ಲಿ ಒಪ್ಪಿಗೆ ಕೊಟ್ಟಿತು. ಆ ವೇಳೆಗೆ ಜೋಡಣೆ ಮೇಜಿನ ಸ್ಥಾನವನ್ನು ಹೊಲಿಗೆ ಯಂತ್ರ ಆಕ್ರಮಿಸಿ ಬಹಳ ಕಾಲವಾಗಿತ್ತು.

ಜಪಾನಿನ ಕುಟುಂಬ ವ್ಯವಸ್ಥೆಯನ್ನು ನೋಡಿದರೆ ನಮಗೆ ಪರಕೀಯವೆನಿಸುವುದಿಲ್ಲ. ಹೆಣ್ಣು ಬಾಲ್ಯದಲ್ಲಿ ತಂದೆಗೂ ಯೌವನದಲ್ಲಿ ಪತಿಗೂ ವಾರ್ಧಕ್ಯದಲ್ಲಿ ಪುತ್ರನಿಗೂ ಅಧೀನಳಾಗಿರಬೇಕೆಂಬ ಮನುಸ್ಮೃತಿಯ ವಿಧಿ ನಮ್ಮಲ್ಲಿ ಪ್ರಸಿದ್ಧವಷ್ಟೆ. ಅದೇ ಮೂರು ವಿಧೇಯತೆಗಳನ್ನು, ಅದೇ ಕ್ರಮದಲ್ಲಿ, ಚೀನದ ಕನ್ಫ್ಯೂಷಿಯಸ್ ಪರಂಪರೆ ಜಪಾನಿಗೆ ಕಲಿಸಿತ್ತು. ಅಲ್ಲಿಯ ಗೃಹಿಣಿ ಗಂಡನನ್ನು ‘ಶುಜಿನ್’ ಎಂದು ಉಲ್ಲೇಖಿಸುತ್ತಾಳೆ. ಆ ಪದದ ಅರ್ಥ ಒಡೆಯ. ನಮ್ಮ ಗೃಹಿಣಿಯರು ‘ಯಜಮಾನರು’ ಎನ್ನುವುದಿಲ್ಲವೆ? ಗಂಡ ಹೆಂಡತಿಯನ್ನು ‘ಕನಾಯ್’ ಎನ್ನುತ್ತಾನೆ, ಎಂದರೆ ಮನೆಯ ಒಳಗಿನವಳು. ಎರಡು ಭಾಷೆಗಳಿಗೆ ಯಾವ ಸಂಬಂಧವೂ ಇಲ್ಲ. ಮನೆಯ ನಕ್ಷೆ ಮಾತ್ರ ಒಂದೇ.

ಯುದ್ಧದಲ್ಲಿ ಸೋತ ಮೇಲೆ ಈ ನಕ್ಷೆಯನ್ನು ಕಾನೂನು ಮೂರೇ ವರ್ಷಗಳಲ್ಲಿ ಅಳಿಸಿಹಾಕಿತು. 1946ರ ಏಪ್ರಿಲ್ 10ರ ಚುನಾವಣೆಯಲ್ಲಿ ಜಪಾನಿನ ಸ್ತ್ರೀಯರು ಮೊದಲ ಬಾರಿಗೆ ಮತ ಹಾಕಿದರು. 39 ಮಂದಿ ಸ್ತ್ರೀಯರು ಆರಿಸಿಬಂದರು. 1947ರ ಮೇ 3ರಂದು ಜಾರಿಗೆ ಬಂದ ಸಂವಿಧಾನದ 24ನೆಯ ವಿಧಿ, ವಿವಾಹವು ಇಬ್ಬರ ಸಮ್ಮತಿಯ ಮೇಲೆ ಮಾತ್ರ ನಡೆಯತಕ್ಕದ್ದು, ಪತಿಪತ್ನಿಯರಿಗೆ ಸಮಾನ ಹಕ್ಕು ಇರತಕ್ಕದ್ದು ಎಂದಿತು. 1948ರ ಆರಂಭದಿಂದ ಜಾರಿಗೆ ಬಂದ ಪರಿಷ್ಕೃತ ಸಿವಿಲ್ ಸಂಹಿತೆ, ಮನೆಯ ಹಿರಿಯ ಗಂಡಸಿಗೆ ಸಮಸ್ತ ಅಧಿಕಾರ ಕೊಟ್ಟಿದ್ದ ‘ಇಎ’ ಪದ್ಧತಿಯನ್ನು ರದ್ದುಮಾಡಿತು. ಕಾಗದದ ಮೇಲೆ ಇದಕ್ಕಿಂತ ಸಂಪೂರ್ಣವಾದ ಬಿಡುಗಡೆ ಕಲ್ಪಿಸುವುದು ಕಷ್ಟ.

ಕಾಗದದ ಹೊರಗೆ ನಡೆದದ್ದೇನು? ಪದವಿ ಪಡೆದ ಯುವತಿ ಕಚೇರಿ ಸೇರುವಳು, ಮದುವೆ ಗೊತ್ತಾದೊಡನೆ ರಾಜೀನಾಮೆ ಕೊಡುವಳು. ಅನೇಕ ಕಂಪನಿಗಳಲ್ಲಿ ಇದು ಪದ್ಧತಿಯಾಗಿತ್ತು, ಕೆಲವೆಡೆ ಲಿಖಿತ ನಿಯಮವೇ ಆಗಿತ್ತು. ಸುಮಿತೋಮೊ ಸಿಮೆಂಟ್ ಕಂಪನಿಯ ನೌಕರಳೊಬ್ಬಳು ಮದುವೆಯ ಕಾರಣಕ್ಕೆ ಕೆಲಸ ಕಳೆದುಕೊಂಡು ನ್ಯಾಯಾಲಯಕ್ಕೆ ಹೋದಳು. 1966ರಲ್ಲಿ ಟೋಕಿಯೋ ಜಿಲ್ಲಾ ನ್ಯಾಯಾಲಯ ಆ ನಿಯಮ ಅಸಿಂಧುವೆಂದಿತು. ಸಂವಿಧಾನ ಬಂದು ಸುಮಾರು 20 ವರ್ಷಗಳಾಗಿದ್ದವು. ಉದ್ಯೋಗದಲ್ಲಿ ಸಮಾನ ಅವಕಾಶದ ಕಾನೂನು ಬಂದದ್ದು 1985ರಲ್ಲಿ.

ಇದನ್ನು ಓದಿ ನಾವು ಬೀಗಬೇಕಾದ್ದಿಲ್ಲ. ಕೊಡಗಿನ ವಿರಾಜಪೇಟೆಯ ಸಿ.ಬಿ. ಮುತ್ತಮ್ಮನವರು 1949ರಲ್ಲಿ ಭಾರತೀಯ ವಿದೇಶಾಂಗ ಸೇವೆಗೆ ಸೇರಿದ ಮೊದಲ ಮಹಿಳೆ. ಆ ಸೇವೆಯ ನಿಯಮದಂತೆ ಮಹಿಳಾ ಅಧಿಕಾರಿ ಮದುವೆಯಾಗಲು ಸರ್ಕಾರದ ಲಿಖಿತ ಅನುಮತಿ ಪಡೆಯಬೇಕಿತ್ತು; ಸಂಸಾರ ಕರ್ತವ್ಯಕ್ಕೆ ಅಡ್ಡಿಯೆಂದು ಸರ್ಕಾರಕ್ಕೆ ತೋರಿದರೆ ಅವಳು ರಾಜೀನಾಮೆ ಕೊಡಬೇಕಿತ್ತು. ಪುರುಷ ಅಧಿಕಾರಿಯ ಸಂಸಾರ ಕರ್ತವ್ಯಕ್ಕೆ ಅಡ್ಡಿಯಾಗಬಹುದೆಂದು ನಿಯಮ ಬರೆದವರಿಗೆ ತೋರಲಿಲ್ಲ. ಮುತ್ತಮ್ಮನವರು ಇದನ್ನು ಸುಪ್ರೀಂ ಕೋರ್ಟಿಗೆ ಒಯ್ದರು. 1979ರಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ಈ ಬಗೆಯ ನಿಯಮಗಳನ್ನು ಕಟುವಾಗಿ ಖಂಡಿಸಿದರು. ಸುಮಿತೋಮೊ ತೀರ್ಪಿಗೂ ಇದಕ್ಕೂ 13 ವರ್ಷಗಳ ಅಂತರ. ಅಲ್ಲಿ ಗುಮಾಸ್ತೆ, ಇಲ್ಲಿ ರಾಜದೂತೆ, ಷರತ್ತು ಒಂದೇ.

ಈಗ ಹಣದ ವಿಷಯಕ್ಕೆ ಬರೋಣ. ಇಲ್ಲಿ ಜಪಾನಿನ ಮನೆಯಲ್ಲಿ ಒಂದು ವಿಚಿತ್ರವಿದೆ. ಯುದ್ಧಾನಂತರದ ಮಧ್ಯಮ ವರ್ಗದಲ್ಲಿ ಗಂಡ ತನ್ನ ಸಂಬಳದ ಲಕೋಟೆಯನ್ನು ಒಡೆಯದೆ ತಂದು ಹೆಂಡತಿಯ ಕೈಗೆ ಕೊಡುವುದು ವಾಡಿಕೆ. ಮನೆಖರ್ಚು, ಮಕ್ಕಳ ಶಾಲೆ, ಉಳಿತಾಯ, ಎಲ್ಲವೂ ಅವಳ ನಿರ್ಧಾರ. ಗಂಡನಿಗೆ ತಿಂಗಳ ಕೈಖರ್ಚನ್ನು ಅವಳೇ ಎಣಿಸಿ ಕೊಡುವಳು. ಸಂಬಳ ನೇರವಾಗಿ ಬ್ಯಾಂಕಿಗೆ ಹೋಗತೊಡಗಿದ ಮೇಲೂ ಈ ವಾಡಿಕೆ ಬಹುಮಟ್ಟಿಗೆ ಮುಂದುವರಿಯಿತು. ನಮ್ಮ ಗೃಹಿಣಿಯರು ಇದನ್ನು ಕೇಳಿದರೆ ಅಲ್ಲಿ ಸ್ತ್ರೀ ರಾಜ್ಯವೇ ನಡೆದಿದೆಯೆಂದು ತಿಳಿದಾರು. ಆದರೆ ಹೀಗೆ ತಿಜೋರಿಯ ಒಡತಿಯಾದವಳು ತನಗೆಂದು ಗುಟ್ಟಾಗಿ ಸ್ವಲ್ಪ ಹಣ ಎತ್ತಿಡುವ ಅಭ್ಯಾಸವೂ ಆ ದೇಶದಲ್ಲಿದೆ. ಅದಕ್ಕೆ ‘ಹೆಸೊಕುರಿ’ ಎಂಬ ಹೆಸರೇ ಉಂಟು. ಬೀಗದಕೈ ತನ್ನದೇ ಆಗಿದ್ದರೆ ಬಚ್ಚಿಡುವುದೇಕೆ? ಹಣವನ್ನು ನಿರ್ವಹಿಸುವುದು ಬೇರೆ, ಹಣ ತನ್ನದಾಗಿರುವುದು ಬೇರೆ ಎಂಬುದು ಅವಳಿಗೆ ಗೊತ್ತು. ಗುಮಾಸ್ತನ ಕೈಯಲ್ಲೂ ಅಂಗಡಿಯ ಬೀಗದಕೈ ಇರುತ್ತದಲ್ಲ! ವಿಚ್ಛೇದನವಾದರೆ ಗಂಡನ ನೌಕರಿಯ ಪಿಂಚಣಿಯಲ್ಲಿ ಅರ್ಧದವರೆಗೆ ಹೆಂಡತಿ ಕೇಳಬಹುದೆಂಬ ಕಾನೂನು ಅಲ್ಲಿ ಜಾರಿಗೆ ಬಂದದ್ದು 2007ರ ಏಪ್ರಿಲಿನಲ್ಲಿ. ಅಷ್ಟು ವರ್ಷ ಮನೆಯೊಳಗೆ ಮಾಡಿದ್ದೂ ದುಡಿಮೆಯೇ ಎಂದು ಲೆಕ್ಕಕ್ಕೆ ಬರಲು ಸಂವಿಧಾನದಿಂದ 60 ವರ್ಷ ಬೇಕಾಯಿತು.

ಜಪಾನಿನ ಗೃಹಿಣಿಗೆ ಬೀಗದಕೈ ಇತ್ತು, ಸಂಬಳವಿರಲಿಲ್ಲ. ನಮ್ಮ ಪೀಣ್ಯದ ದುಡಿಯುವ ಹೆಣ್ಣಿಗೆ ಸಂಬಳವಿದೆ, ಬೀಗದಕೈ ಎಷ್ಟೋ ಮನೆಗಳಲ್ಲಿ ಇಲ್ಲ. ಸಂಬಳ ಅವಳ ಹೆಸರಿನ ಬ್ಯಾಂಕ್ ಖಾತೆಗೇ ಬರುತ್ತದೆ, ಎ.ಟಿ.ಎಂ. ಕಾರ್ಡು ಗಂಡನ ಜೇಬಿನಲ್ಲಿರುತ್ತದೆ. ಎಲ್ಲೆಡೆ ಹೀಗೆಯೇ ಎಂದು ನಾನು ಹೇಳುವುದಿಲ್ಲ. ಜೋಡಿಯಾಗಿ ಕುಳಿತು ಚೀಟಿ, ಬಾಡಿಗೆ, ಮಕ್ಕಳ ಫೀಸು ಲೆಕ್ಕ ಹಾಕುವ ಒಳ್ಳೆಯ ಸಂಸಾರಗಳೂ ಈ ಊರಿನಲ್ಲಿವೆ. ಆದರೆ ಹಣ ತೆಗೆಯುವ ಯಂತ್ರದ ಮುಂದೆ ಗಂಡಸರ ಸಾಲು, ಕಾರ್ಖಾನೆಯ ಬಾಗಿಲಲ್ಲಿ ಹೆಂಗಸರ ಸಾಲು, ಇವೆರಡನ್ನೂ ನೋಡಿದವರಿಗೆ ಹೆಚ್ಚು ವಿವರಣೆ ಬೇಕಾಗಿಲ್ಲ.

2016ರ ಏಪ್ರಿಲ್ 18 ಮತ್ತು 19ರಂದು ಬೆಂಗಳೂರಿನ ರಸ್ತೆಗಳಲ್ಲಿ ನಡೆದದ್ದು ಈ ಹಿನ್ನೆಲೆಯಲ್ಲಿ ಮಾತ್ರ ಅರ್ಥವಾಗುತ್ತದೆ. ಭವಿಷ್ಯ ನಿಧಿಗೆ ನೌಕರನ ವೇತನದಿಂದ ಶೇಕಡ 12ರಷ್ಟು ಕಡಿತವಾಗುತ್ತದೆ. ಮಾಲೀಕನೂ ತನ್ನ ಪಾಲು ಸೇರಿಸುತ್ತಾನೆ. ಕೆಲಸ ಬಿಟ್ಟು ಎರಡು ತಿಂಗಳು ಕಳೆದರೆ ಎರಡೂ ಪಾಲನ್ನು ಹಿಂದಕ್ಕೆ ಪಡೆಯಬಹುದಾಗಿತ್ತು. 2016ರ ಫೆಬ್ರವರಿಯಲ್ಲಿ ಕೇಂದ್ರ ಸರ್ಕಾರ ನಿಯಮ ಬದಲಿಸಿ, ಮಾಲೀಕನ ಪಾಲನ್ನು 58 ವರ್ಷ ತುಂಬುವ ತನಕ ಮುಟ್ಟುವಂತಿಲ್ಲ ಎಂದಿತು. ಅರ್ಥಶಾಸ್ತ್ರದ ದೃಷ್ಟಿಯಿಂದ ಇದು ವಿವೇಕದ ಕ್ರಮವೆಂದು ವಾದಿಸಬಹುದು. ವೃದ್ಧಾಪ್ಯಕ್ಕೆ ಉಳಿತಾಯ ಬೇಡವೆ? ಆದರೆ ಸುದ್ದಿ ತಿಳಿದ ಸಿದ್ಧ ಉಡುಪು ಕಾರ್ಖಾನೆಗಳ ಹೆಂಗಸರು, ಯಾವ ಸಂಘದ ಕರೆಯೂ ಇಲ್ಲದೆ, ಹೊಲಿಗೆ ಯಂತ್ರ ಬಿಟ್ಟು ಎದ್ದು ರಸ್ತೆಗೆ ಬಂದರು. ಹೊಸೂರು ರಸ್ತೆಯಲ್ಲಿ ಆರಂಭವಾದದ್ದು ಮಾರನೆಯ ದಿನ ನಮ್ಮ ತುಮಕೂರು ರಸ್ತೆಗೂ ಹಬ್ಬಿತು. ಬಸ್ಸುಗಳಿಗೆ ಬೆಂಕಿ ಬಿತ್ತು, ಲಾಠಿ ಬೀಸಿತು, ಅಶ್ರುವಾಯು ಹಾರಿತು. ಹಿಂಸೆಯನ್ನು ಯಾರು ಮಾಡಿದರೂ ಸಮರ್ಥಿಸುವ ಪ್ರಶ್ನೆ ಇಲ್ಲ. 19ರ ಸಂಜೆಯ ಹೊತ್ತಿಗೆ ಕೇಂದ್ರ ಸರ್ಕಾರ ಆ ಆದೇಶವನ್ನು ಹಿಂತೆಗೆದುಕೊಂಡಿತು.

ವಾಚಕರು ಒಂದು ಸಂಗತಿಯನ್ನು ಗಮನಿಸಬೇಕು. ಆ ಹೆಂಗಸರು ಕೂಲಿ ಹೆಚ್ಚಿಸಿರೆಂದು ರಸ್ತೆಗೆ ಬರಲಿಲ್ಲ; ಕೂಲಿ ಕಡಿಮೆಯೆಂಬುದು ಅವರಿಗೆ ಪ್ರತಿ ತಿಂಗಳೂ ಗೊತ್ತಿತ್ತು. ಅವರು ಬಂದದ್ದು ತಮ್ಮ ಹೆಸರಿನಲ್ಲಿದ್ದ ಹಣವನ್ನು ತಮಗೆ ಬೇಕಾದಾಗ ತೆಗೆಯುವ ಹಕ್ಕಿಗಾಗಿ. ಮಗಳ ಮದುವೆಗೋ, ಊರಿನ ಸಾಲಕ್ಕೋ, ಆಸ್ಪತ್ರೆಗೋ ಬೇಕಾದಾಗ ಕೆಲಸವನ್ನೇ ಬಿಟ್ಟು, ನಿಧಿಯ ಹಣ ಪಡೆದು, ಬೇರೊಂದು ಕಾರ್ಖಾನೆಗೆ ಹೊಸಬಳಾಗಿ ಸೇರುವುದು ಅವರಲ್ಲಿ ರೂಢಿಯಾಗಿತ್ತು. ಸೇವಾವಧಿ ಹೋದರೂ ಚಿಂತೆಯಿಲ್ಲ, ಗಂಟು ಕೈಗೆ ಬರಬೇಕು. ತಿಂಗಳ ಸಂಬಳ ಮನೆಯೊಳಗೆ ನೀರಿನಂತೆ ಹರಿದುಹೋಗುತ್ತದೆ. ಗಂಡನ ಕಣ್ಣಿಗೆ, ಅತ್ತೆಯ ಕಣ್ಣಿಗೆ ಪ್ರತಿದಿನ ಬೀಳದ ಹಣವೆಂದರೆ ಭವಿಷ್ಯ ನಿಧಿಯದೊಂದೇ. ನಮ್ಮ ತಾಯಂದಿರ ಸಾಸಿವೆ ಡಬ್ಬಿಯನ್ನು ಬಲ್ಲವರು ಇದನ್ನು ಕೂಡಲೇ ಗುರುತಿಸುವರು. ಜಪಾನಿನಲ್ಲಿ ಹೆಸೊಕುರಿ, ನಮ್ಮ ಅಡಿಗೆಮನೆಯಲ್ಲಿ ಸಾಸಿವೆ ಡಬ್ಬಿ, ಪೀಣ್ಯದಲ್ಲಿ ಪಿ.ಎಫ್. ಖಾತೆ. ಸರ್ಕಾರ ತಿಳಿಯದೆ ಆ ಡಬ್ಬಿಗೆ ಕೈಹಾಕಿತ್ತು.

ಹೆಣ್ಣಿನ ಗಳಿಕೆ ಯಾರದು ಎಂಬ ಪ್ರಶ್ನೆ ಕಾನೂನಿಗೆ ಹೊಸದಲ್ಲ. ಶಿಲ್ಪದಿಂದ, ಎಂದರೆ ಕೈಕಸುಬಿನಿಂದ, ಸ್ತ್ರೀ ಗಳಿಸಿದ್ದರ ಮೇಲೆ ಪತಿಗೆ ಸ್ವಾಮ್ಯವೆಂದು ಕಾತ್ಯಾಯನ ಸ್ಮೃತಿ ಹೇಳಿತ್ತು. ಬ್ರಿಟಿಷರು 1874ರಲ್ಲಿ ವಿವಾಹಿತ ಸ್ತ್ರೀಯರ ಆಸ್ತಿ ಕಾಯಿದೆ ಮಾಡಿ ಹೆಂಡತಿಯ ಸಂಬಳ ಹೆಂಡತಿಯದೇ ಎಂದರು. ಆದರೆ ಹಿಂದೂ, ಮುಸ್ಲಿಂ, ಬೌದ್ಧ, ಸಿಖ್ ಮತ್ತು ಜೈನ ಧರ್ಮದವರನ್ನು ಹೆಸರು ಹೇಳಿಯೇ ಅದರಿಂದ ಹೊರಗಿಟ್ಟರು. ಮೈಸೂರು ಸಂಸ್ಥಾನ 1933ರಲ್ಲಿ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯಿದೆ ತಂದು, ಕುಟುಂಬದ ವಿಭಾಗದಲ್ಲಿ ವಿಧವೆ, ತಾಯಿ, ಅವಿವಾಹಿತ ಮಗಳು ಮೊದಲಾದವರಿಗೆ ಪಾಲು ಗೊತ್ತುಮಾಡಿತು. ಬ್ರಿಟಿಷ್ ಪ್ರಾಂತಗಳಿಗಿಂತ ಮುಂದಿನ ಹೆಜ್ಜೆ ಅದು, ನಮ್ಮ ಸಂಸ್ಥಾನದ ಕೀರ್ತಿಗೆ ಸಲ್ಲತಕ್ಕದ್ದು. ನಮ್ಮ ಸಮಾಜದ ಮಟ್ಟಿಗೆ ಇನ್ನೊಂದು ಮಾತು ಹೇಳಬಹುದು: ಪುತ್ರಸಂತಾನವಿಲ್ಲದ ಜೈನ ವಿಧವೆಗೆ ಪತಿಯ ಸ್ವಾರ್ಜಿತ ಆಸ್ತಿಯ ಮೇಲೆ ಪೂರ್ಣ ಸ್ವಾಮ್ಯವೂ ದತ್ತು ತೆಗೆದುಕೊಳ್ಳುವ ಸ್ವತಂತ್ರ ಅಧಿಕಾರವೂ ಆಚಾರಬಲದಿಂದಲೇ ಉಂಟೆಂದು 1878ರಲ್ಲಿ ಪ್ರಿವಿ ಕೌನ್ಸಿಲ್ ಒಪ್ಪಿತು. ಪತಿ ಸತ್ತ ಮೇಲೆ ಪೂರ್ಣ ಸ್ವಾಮ್ಯ ಕೊಟ್ಟ ಸಮಾಜ, ಪತಿ ಬದುಕಿರುವಾಗ ಅವಳದೆಂದು ಏನನ್ನು ಬಿಟ್ಟಿತು ಎಂದು ಯಾರೂ ಕೇಳಿದಂತಿಲ್ಲ.

1956ರ ಉತ್ತರಾಧಿಕಾರ ಕಾಯಿದೆ ಸ್ತ್ರೀಗೆ ಬಂದ ಆಸ್ತಿಯನ್ನು ಪೂರ್ಣವಾಗಿ ಅವಳದೇ ಎಂದಿತು. 1994ರ ಜುಲೈ 30ರಿಂದ ಜಾರಿಗೆ ಬಂದ ಕರ್ನಾಟಕದ ತಿದ್ದುಪಡಿ ಅವಿವಾಹಿತ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳಷ್ಟೇ ಪಾಲು ಕೊಟ್ಟಿತು. 2005ರ ಕೇಂದ್ರ ತಿದ್ದುಪಡಿ ವಿವಾಹಿತೆಯರನ್ನೂ ಸೇರಿಸಿತು. 2020ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ಉಳಿದ ಸಂಶಯಗಳನ್ನೂ ಪರಿಹರಿಸಿತು. ಇಷ್ಟಾದ ಮೇಲೆ ಏನಾಯಿತು? ಹೆದ್ದಾರಿಯ ಪಕ್ಕದ ಜಮೀನಿಗೆ ಬೆಲೆ ಏರಿದಂತೆಲ್ಲ ಹೊಸದೊಂದು ಕಾಗದಕ್ಕೂ ಬೆಲೆ ಬಂದಿತು. ಅದರ ಹೆಸರು ಹಕ್ಕು ಬಿಡುಗಡೆ ಪತ್ರ. ಅಕ್ಕತಂಗಿಯರನ್ನು ಕರೆಸಿ, ಊಟ ಹಾಕಿ, ಸೀರೆ ಉಡಿಸಿ, ಅರಿಶಿನ ಕುಂಕುಮವೆಂದು ಒಂದಿಷ್ಟು ಹಣ ಕೊಟ್ಟು, ಸಬ್ ರಿಜಿಸ್ಟ್ರಾರ್ ಕಚೇರಿಗೆ ಕರೆದೊಯ್ಯುತ್ತಾರೆ. ಸಹಿ ಮಾಡದವಳಿಗೆ ತವರಿನ ಬಾಗಿಲು ಮುಚ್ಚುತ್ತದೆ. ಕೆಲವರು ನಿಜವಾದ ಪ್ರೀತಿಯಿಂದಲೇ ಬಿಟ್ಟುಕೊಡುತ್ತಾರೆ, ಅದು ತ್ಯಾಗ. ಹೆದರಿ ಬಿಟ್ಟುಕೊಟ್ಟದ್ದಕ್ಕೂ ನಾವು ಅದೇ ಹೆಸರಿಡುತ್ತೇವೆ.

ಇಲ್ಲಿಂದ ಪ್ರಶ್ನೆ ಕಾನೂನಿನದಾಗಿ ಉಳಿಯದೆ ವ್ರತದ ಪ್ರಶ್ನೆಯಾಗುತ್ತದೆ. ಅಚೌರ್ಯಾಣುವ್ರತವನ್ನು ವ್ಯಾಪಾರಿಗಳಾದ ನಾವು ಚೆನ್ನಾಗಿ ಬಲ್ಲೆವೆಂದು ತಿಳಿದಿದ್ದೇವೆ. ತೂಕ ಅಳತೆಗಳಲ್ಲಿ ಹೆಚ್ಚುಕಡಿಮೆ ಮಾಡುವುದು, ಕಲಬೆರಕೆ ಮಾಡುವುದು, ಕಳವಿನ ಮಾಲು ಕೊಳ್ಳುವುದು, ಇವೆಲ್ಲ ಅದರ ಅತಿಚಾರಗಳೆಂದು ಬಾಲಬೋಧದಲ್ಲೇ ಕಲಿತಿದ್ದೇವೆ. ಆದರೆ ಆ ವ್ರತದ ಮೂಲ ಲಕ್ಷಣವು ತಕ್ಕಡಿಗಿಂತ ವಿಶಾಲವಾದದ್ದು: ಕೊಡದೆ ಇದ್ದುದನ್ನು ತೆಗೆದುಕೊಳ್ಳುವುದೇ ಚೌರ್ಯ. ಕೊಟ್ಟಿದ್ದಾರೆಯೇ ಇಲ್ಲವೇ ಎಂಬುದೊಂದೇ ಪ್ರಶ್ನೆ. ಸೊಸೆಯ ಸಂಬಳ ಮನೆಗೆ ಬರುತ್ತಿದೆ ಎಂದ ಮಾತ್ರಕ್ಕೆ ಅವಳು ಕೊಟ್ಟಳೆಂದು ಆಗುವುದೆ? ಕೊಡದಿರಲು ಅವಳಿಗೆ ಸಾಧ್ಯವಿತ್ತೆ? ಇಲ್ಲವೆನ್ನುವ ಅವಕಾಶವೇ ಇಲ್ಲದವಳ ಹೌದು ಎಂಬುದನ್ನು ಯಾವ ಖಾತೆಗೆ ಬರೆಯುವುದು?

ಇದಕ್ಕೆ ಪ್ರಬಲವಾದ ಆಕ್ಷೇಪವೊಂದಿದೆ. ಸಂಸಾರ ಪಾಲುದಾರಿಕೆಯ ವ್ಯಾಪಾರವಲ್ಲ. ಗಂಡ ಹೆಂಡಿರಲ್ಲಿ ನನ್ನದು ನಿನ್ನದು ಎಂಬ ಭೇದ ಬಂದರೆ ಮನೆ ಹೋಟೆಲಾಗುತ್ತದೆ. ಒಂದೇ ಮನೆಯೊಳಗೆ ಚೌರ್ಯದ ಮಾತೆತ್ತುವುದು ಅನುಚಿತ. ಈ ಆಕ್ಷೇಪದಲ್ಲಿ ಸತ್ಯವಿದೆ, ನಾನು ಅದನ್ನು ಗೌರವಿಸುತ್ತೇನೆ. ಪ್ರತಿ ರೂಪಾಯಿಗೂ ರಸೀದಿ ಕೇಳುವ ದಾಂಪತ್ಯವನ್ನು ಯಾರೂ ಬಯಸುವುದಿಲ್ಲ. ಆದರೆ ಭೇದವಿಲ್ಲವೆಂಬ ತತ್ತ್ವ ಎರಡೂ ಕಡೆಗೆ ಹರಿಯಬೇಕು. ಮನೆಯ ಖಾತೆ ಯಾರ ಹೆಸರಿನಲ್ಲಿದೆ, ನಿವೇಶನದ ಕ್ರಯಪತ್ರ ಯಾರದು, ಅಂಗಡಿಯ ಪರವಾನಗಿ ಯಾರದು ಎಂದು ಕೇಳಿದಾಗ ಭೇದವು ಸ್ಪಷ್ಟವಾಗಿ ಕಾಣುತ್ತದೆ. ಅವಳ ಸಂಬಳದ ಮಾತು ಬಂದಾಗ ಮಾತ್ರ ಅಭೇದ. ನೀರು ಒಂದೇ ಕಡೆಗೆ ಹರಿಯುತ್ತಿದ್ದರೆ ಅದು ಕಾಲುವೆ, ಕೊಳವಲ್ಲ.

ಎರಡನೆಯ ಆಕ್ಷೇಪ, ತ್ಯಾಗವೇ ಸ್ತ್ರೀಯ ಭೂಷಣ, ಅವಳಿಗೆ ಸ್ವಾಮ್ಯದ ಆಸೆ ಕಲಿಸುವುದು ಪರಿಗ್ರಹವನ್ನು ಕಲಿಸಿದಂತೆ ಎಂಬುದು. ಕೇಳಲು ಇದು ನಮ್ಮ ಧರ್ಮದ ಮಾತಿನಂತೆಯೇ ಇದೆ. ಆದರೆ ಪರಿಗ್ರಹ ಪರಿಮಾಣ ವ್ರತ ತೆಗೆದುಕೊಳ್ಳುವ ಗೃಹಸ್ಥ ಏನು ಮಾಡುತ್ತಾನೆ? ತನ್ನ ಹೊಲ, ಮನೆ, ಚಿನ್ನ, ಧಾನ್ಯಗಳಿಗೆ ಇಷ್ಟೆಂದು ಮಿತಿ ಹಾಕಿಕೊಳ್ಳುತ್ತಾನೆ. ಅವನ ಪಕ್ಕದಲ್ಲಿ ಕುಳಿತು ಅದೇ ವ್ರತ ಸ್ವೀಕರಿಸುವ ಶ್ರಾವಿಕೆ ಯಾವುದಕ್ಕೆ ಮಿತಿ ಹಾಕಬೇಕು? ಅವನ ಪಟ್ಟಿಯೇ ಅವಳ ಪಟ್ಟಿ. ತನ್ನದೆಂಬುದು ಇಲ್ಲದವಳು ಬಿಡುವುದೇನು, ಮಿತಿಗೊಳಿಸುವುದೇನು? ಬರಿಗೈಯವನು ಉಪವಾಸವಿದ್ದರೆ ಅದನ್ನು ಅನಶನವೆಂದು ಯಾವ ಶಾಸ್ತ್ರವೂ ಹೇಳುವುದಿಲ್ಲ. ಅವಳ ತ್ಯಾಗವನ್ನು ಹೊಗಳುವವರು ಮೊದಲು ಅವಳಿಗೆ ತ್ಯಾಗ ಮಾಡುವ ಯೋಗ್ಯತೆಯನ್ನು, ಎಂದರೆ ಸ್ವಾಮ್ಯವನ್ನು, ಒಪ್ಪಿಕೊಳ್ಳಬೇಕು.

ಮನೆ ಒಡೆಯುತ್ತದೆ ಎಂಬ ಭಯವೂ ಇದೆ. ಜಪಾನಿನಲ್ಲಿ ಇಂದು ಮದುವೆಗಳು ತಡವಾಗುತ್ತಿವೆ, ಅನೇಕರು ಮದುವೆಯನ್ನೇ ಆಗುತ್ತಿಲ್ಲ. 2023ರಲ್ಲಿ ಅಲ್ಲಿಯ ಜನನ ಪ್ರಮಾಣ ಒಬ್ಬ ಸ್ತ್ರೀಗೆ 1.20ಕ್ಕೆ ಇಳಿದಿತ್ತು. ನೋಡಿ, ಸ್ವಾತಂತ್ರ್ಯದ ಫಲ ಎನ್ನುವವರುಂಟು. ಕಾರಣಗಳು ಹಲವು, ಮನೆ ಬಾಡಿಗೆ, ದುಡಿಮೆಯ ಗಂಟೆಗಳು, ಶಿಕ್ಷಣದ ವೆಚ್ಚ ಎಲ್ಲವೂ ಸೇರಿವೆ. ಆದರೆ ಹಳೆಯ ಷರತ್ತುಗಳನ್ನು ಹಾಗೆಯೇ ಉಳಿಸಿಕೊಂಡದ್ದೂ ಒಂದು ಕಾರಣವೆಂಬುದನ್ನು ಮರೆಯಬಾರದು. ದಂಪತಿಗಳು ಒಂದೇ ಕುಲನಾಮ ಇಟ್ಟುಕೊಳ್ಳಬೇಕೆಂಬ ನಿಯಮವನ್ನು ಅಲ್ಲಿಯ ಸುಪ್ರೀಂ ಕೋರ್ಟು 2015ರಲ್ಲೂ 2021ರಲ್ಲೂ ಎತ್ತಿಹಿಡಿಯಿತು. ಹೆಸರು ಬದಲಿಸುವವರು ನೂರಕ್ಕೆ ತೊಂಬತ್ತಕ್ಕೂ ಹೆಚ್ಚು ಹೆಂಡತಿಯರೇ. ಸಂಬಳ ತರುವವಳಾದ ಮೇಲೂ ಅಡಿಗೆ, ಮಕ್ಕಳು, ಅತ್ತೆಮಾವಂದಿರ ಶುಶ್ರೂಷೆ ಅವಳದೇ ಆದರೆ, ಮದುವೆಯೆಂದರೆ ಎರಡನೆಯ ನೌಕರಿ ಎಂದು ಅವಳಿಗೆ ತೋರುವುದು ಸಹಜ. ಮನೆಯನ್ನು ಉಳಿಸಬೇಕೆನ್ನುವವರು ಆ ನೌಕರಿಯ ಷರತ್ತುಗಳನ್ನು ನೋಡ‌ಬೇಕು. ಸ್ವಾತಂತ್ರ್ಯವೆಂದರೆ ಒಬ್ಬಳೇ ಬದುಕುವುದೆಂದು ನಾನು ತಿಳಿದಿಲ್ಲ. ಜೊತೆಯಲ್ಲಿದ್ದೂ ‘ಇಲ್ಲ’ ಎನ್ನಲು ಸಾಧ್ಯವಾಗುವುದು ಸ್ವಾತಂತ್ರ್ಯ. ಆಗಲೇ ಅವಳ ‘ಆಗಲಿ’ ಎಂಬ ಮಾತಿಗೆ ಬೆಲೆ.

ಕಾರ್ಖಾನೆಯ ಹೆಂಗಸರ ವಿಷಯವನ್ನು ದೂರದಿಂದ ಓದಿ ಮರುಗುವುದು ಸುಲಭ. ನಮ್ಮ ವರ್ತಕ ಮನೆಗಳಲ್ಲಿ ಮೂರನೆಯದೊಂದು ಸ್ಥಿತಿಯಿದೆ, ಅದು ಇವೆರಡಕ್ಕಿಂತ ವಿಲಕ್ಷಣ. ಫರ್ಮಿನ ಪಾಲುದಾರಿಕೆ ಪತ್ರದಲ್ಲಿ ಮಡದಿಯ ಹೆಸರು ಇರುತ್ತದೆ, ಸೊಸೆಯ ಹೆಸರು ಇರುತ್ತದೆ; ಆದಾಯ ತೆರಿಗೆಯ ಪತ್ರಗಳಲ್ಲಿ ಅವಳಿಗೆ ಲಾಭದ ಪಾಲೂ ಬರುತ್ತದೆ. ವರ್ಷಕ್ಕೊಮ್ಮೆ ಆಡಿಟರ್ ಕಳಿಸಿದ ಕಾಗದಗಳಿಗೆ ಅವಳು ಅಡಿಗೆಮನೆಯಿಂದ ಕೈ ಒರೆಸಿಕೊಂಡು ಬಂದು, ಬೆರಳಿಟ್ಟು ತೋರಿಸಿದ ಕಡೆ ಸಹಿ ಮಾಡುತ್ತಾಳೆ. ಚೆಕ್ ಪುಸ್ತಕದ ಖಾಲಿ ಹಾಳೆಗಳಿಗೂ ಸಹಿ ಮಾಡಿಕೊಡುತ್ತಾಳೆ. ಅವಳಿಗೆ ಸಂಬಳವಿಲ್ಲ, ಬೀಗದಕೈಯಿಲ್ಲ. ಹೆಸರು ಮಾತ್ರ ಇದೆ. ಎಂ.ಕಾಂ. ಓದಿದ, ಇಂಜಿನಿಯರಿಂಗ್ ಓದಿದ ಸೊಸೆಯಂದಿರೂ ಇದಕ್ಕೆ ಹೊರತಲ್ಲ. ಪೀಣ್ಯದ ಹೊಲಿಗೆಯವಳು ತನ್ನ ಪಿ.ಎಫ್. ಎಷ್ಟಿದೆಯೆಂದು ರೂಪಾಯಿ ಲೆಕ್ಕದಲ್ಲಿ ಹೇಳಬಲ್ಲಳು. ನಮ್ಮ ಫರ್ಮುಗಳ ಎಷ್ಟು ಮಂದಿ ಮಹಿಳಾ ಪಾಲುದಾರರು ತಮ್ಮ ಬಂಡವಾಳದ ಖಾತೆಯ ಬಾಕಿಯನ್ನು ಹೇಳಬಲ್ಲರು?

ಪ್ರಾಚೀನ ಕಾಲವೆಲ್ಲ ಸ್ತ್ರೀಗೆ ಸುವರ್ಣಯುಗವಾಗಿತ್ತೆಂದು ಹೇಳುವ ಹವ್ಯಾಸ ನನಗಿಲ್ಲ. ಅತ್ತಿಮಬ್ಬೆಯ ತಂಗಿ ಗುಂಡಮಬ್ಬೆ, ಇಬ್ಬರಿಗೂ ಪತಿಯಾಗಿದ್ದ ನಾಗದೇವನು ಮಡಿದಾಗ ಸಹಗಮನ ಮಾಡಿದಳೆಂಬುದನ್ನು ಮರೆಯಲಾಗದು. ಆದರೆ ಉಳಿದುಕೊಂಡ ಅತ್ತಿಮಬ್ಬೆ ಏನು ಮಾಡಿದಳೆಂಬುದೂ ನೆನಪಿರಬೇಕು. ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿಗಳನ್ನು ಬರೆಯಿಸಿ ಹಂಚಿದಳು, ರನ್ನನಿಗೆ ಆಶ್ರಯವಿತ್ತಳು, 1007ರಲ್ಲಿ ಲಕ್ಕುಂಡಿಯಲ್ಲಿ ಜಿನಾಲಯ ಕಟ್ಟಿಸಿದಳು. ದಾನಚಿಂತಾಮಣಿ ಎಂದು ಅವಳನ್ನು ಕೊಂಡಾಡುವಾಗ ನಾವು ದಾನವನ್ನು ಮಾತ್ರ ನೋಡುತ್ತೇವೆ. ದಾನಕ್ಕೆ ಮೊದಲು, ಇದು ನನ್ನದು, ಇದನ್ನು ಕೊಡುತ್ತೇನೆ ಎನ್ನಬಲ್ಲ ಕೈಯೊಂದು ಇರಬೇಕು. ವಿಧವೆಯೊಬ್ಬಳಿಗೆ ಆ ಕೈ ಇತ್ತು.

ಮಾಕಳಿಯಿಂದ ಇದೇ ರಸ್ತೆಯಲ್ಲಿ ಮುಂದೆ ಹೋಗಿ ದಾಬಸ್‌ಪೇಟೆಯಲ್ಲಿ ತಿರುಗಿದರೆ ಶಿವಗಂಗೆ. ಹೊಯ್ಸಳ ವಿಷ್ಣುವರ್ಧನನ ರಾಣಿ ಶಾಂತಲೆ ಬೆಟ್ಟದ ಮೇಲಿಂದ ಧುಮುಕಿ ಪ್ರಾಣಬಿಟ್ಟಳೆಂದು ಅಲ್ಲಿ ಒಂದು ಸ್ಥಳವನ್ನು ತೋರಿಸಿ ಕಥೆ ಹೇಳುತ್ತಾರೆ. ಶ್ರವಣಬೆಳಗೊಳದ ಶಾಸನ ಹೇಳುವುದು, 1131ರಲ್ಲಿ ಅವಳು ಶಿವಗಂಗೆಯಲ್ಲಿ ದೇಹಬಿಟ್ಟು ಸ್ವರ್ಗಸ್ಥಳಾದಳೆಂದಷ್ಟೆ. ಜನಪದದ ಕಥೆ ಅವಳನ್ನು ದುಃಖದ ಹೆಣ್ಣಾಗಿ ಉಳಿಸಿಕೊಂಡಿತು. ಕಲ್ಲಿನ ಮೇಲೆ ಉಳಿದಿರುವ ಶಾಂತಲೆ ಬೇರೆ: 1123ರಲ್ಲಿ ಸವತಿಗಂಧವಾರಣ ಬಸದಿಯನ್ನು ಕಟ್ಟಿಸಿ ಅದಕ್ಕೆ ದತ್ತಿ ಬಿಟ್ಟವಳು. ದತ್ತಿ ಕೊಟ್ಟವಳ ಹೆಸರು ಶಾಸನದಲ್ಲಿ ಅವಳದೇ ಆಗಿ ಇದೆ.

ಇಂದು ನಮ್ಮ ಬಸದಿಗಳ ಗೋಡೆಯ ಮೇಲಿನ ದಾನಿಗಳ ಫಲಕಗಳನ್ನು ಓದಿದರೆ ಶ್ರೀಮಾನ್ ಇಂಥವರು ಮತ್ತು ಕುಟುಂಬದವರು, ಇಂಥವರ ಧರ್ಮಪತ್ನಿ, ಇಂಥವರ ಮಾತೃಶ್ರೀಯವರ ಸ್ಮರಣಾರ್ಥ ಎಂಬ ಬರಹಗಳೇ ಹೆಚ್ಚು. ಸ್ತ್ರೀಯ ಹೆಸರು ಒಂಟಿಯಾಗಿ ಬರುವುದು ಹೆಚ್ಚಾಗಿ ಅವಳು ಗತಿಸಿದ ಮೇಲೆ. ಕಛೇರಿಯಲ್ಲಿ ಹಣ ಎಣಿಸಿ ಕೊಡುವವಳು ಶ್ರಾವಿಕೆ. ರಸೀದಿ ಬರೆಯುವವರು ವಾಡಿಕೆಯಂತೆ ‘ಯಜಮಾನರ ಹೆಸರು?’ ಎಂದು ಕೇಳುತ್ತಾರೆ. ಆ ಹಣ ಅವಳ ಸಂಬಳದ್ದೋ, ತವರಿನ ಪಾಲಿನದ್ದೋ, ಸಾಸಿವೆ ಡಬ್ಬಿಯದ್ದೋ, ಕೇಳಿದವರಿಲ್ಲ. ಬರುವ ಮಹಾವೀರ ಜಯಂತಿಗೆ ಹೊಸ ರಸೀದಿ ಪುಸ್ತಕ ಅಚ್ಚು ಹಾಕಿಸುವ ಟ್ರಸ್ಟುಗಳು ಮೊದಲ ಸಾಲಿನಲ್ಲಿ ‘ಹಣ ಕೊಟ್ಟವರ ಹೆಸರು’ ಎಂದು ಮುದ್ರಿಸಿ, ಕಾರಕೂನರಿಗೆ ಅದನ್ನು ಹಾಗೆಯೇ ಕೇಳಲು ಹೇಳಬಹುದು. ಅಚ್ಚಿನ ಖರ್ಚು ಇದರಿಂದ ಹೆಚ್ಚಾಗುವುದಿಲ್ಲ.